ಬೆಳವಕ್ಕಿ ಮತ್ತು ಆಯ್ದಕ್ಕಿ



ಮುಂಜಾನೆ ಮಠದ ಅಂಗಳಕ್ಕಿಳಿಯುವ ಬೆಳವಕ್ಕಿಗಳನ್ನು ತಾವೆಲ್ಲರೂ ಕಂಡಿರುತ್ತೀರಿ. ಚಿಕ್ಕೋಡಿಯಿಂದ ಕಾಗವಾಡದವರೆಗೆ ನಮ್ಮ ಸೀಮೆಯ ಹೊಲ, ಕಣ, ಬೇಲಿಗಳಲ್ಲಿ ಕಾಣುವ, ಪಾರಿವಾಳದ ಬಳಗಕ್ಕೆ ಸೇರಿದ ಸಣ್ಣ ಹಕ್ಕಿಗಳಿವು. ಕಂದು ಮೈ, ಕೊರಳ ಮೇಲೆ ಕಪ್ಪು ಚುಕ್ಕೆಗಳ ಪಟ್ಟಿ. ನೆಲಕ್ಕೆ ಉದುರಿದ ಕಾಳನ್ನು ಆಯ್ದು ತಿನ್ನುವುದೇ ಇವುಗಳ ಬದುಕು. ನಾಲ್ಕು ಕಡ್ಡಿಗಳ ಗೂಡು, ಅದರಲ್ಲಿ ಎರಡು ಬಿಳಿಯ ಮೊಟ್ಟೆ. ಗಂಡು ಹೆಣ್ಣು ಎರಡೂ ಕಾವು ಕೊಡುತ್ತವೆ. ತಮ್ಮ ಗಂಟಲ ಚೀಲದಲ್ಲಿ ಒಸರುವ ಹಾಲಿನಂಥ ಆಹಾರವನ್ನು ಎರಡೂ ಮರಿಗಳಿಗೆ ಉಣಿಸುತ್ತವೆ.

ಇವನ್ನು ಕಂಡಾಗಲೆಲ್ಲ ನನಗೆ ಆಯ್ದಕ್ಕಿ ಮಾರಯ್ಯ, ಲಕ್ಕಮ್ಮ ಶರಣ ದಂಪತಿಗಳ ನೆನಪಾಗುತ್ತದೆ. 12ನೆಯ ಶತಮಾನದಲ್ಲಿ ಅಮರೇಶ್ವರದಿಂದ ಕಲ್ಯಾಣಕ್ಕೆ ಬಂದ ಇವರ ಕಾಯಕ, ನೆಲಕ್ಕೆ ಚೆಲ್ಲಿದ ಅಕ್ಕಿಯನ್ನು ಆಯ್ದು ತಂದು ದಾಸೋಹ ಮಾಡುವುದು. ಒಂದು ದಿನ ಮಾರಯ್ಯನವರು ನಿತ್ಯಕ್ಕಿಂತ ಹೆಚ್ಚು ಅಕ್ಕಿ ತಂದಾಗ, ಅದನ್ನು ಇದ್ದಲ್ಲಿಯೇ ಸುರಿದು ಬರುವಂತೆ ಲಕ್ಕಮ್ಮನವರು ಹೇಳಿದರು.

ಎಂ.ಎ. ತರಗತಿಯಲ್ಲಿ ಈ ಪ್ರಸಂಗವನ್ನು ಬರೆದು ಅಂಕ ಪಡೆದವನು ನಾನು. ಶ್ರಾವಣದ ಪ್ರವಚನದಲ್ಲಿ ಇದನ್ನು ವಿವರಿಸಿದವನೂ ಹೌದು. ಆದರೆ ಇದರ ಅರ್ಥ ತಿಳಿದದ್ದು 2019ರ ಆಗಸ್ಟ್ ತಿಂಗಳಲ್ಲಿ. ಕೃಷ್ಣೆ, ದೂಧಗಂಗೆ, ವೇದಗಂಗೆಗಳು ಉಕ್ಕಿ ಚಿಕ್ಕೋಡಿ, ನಿಪ್ಪಾಣಿ, ರಾಯಬಾಗ, ಅಥಣಿ, ಕಾಗವಾಡ ಭಾಗದ ಅನೇಕ ಊರುಗಳು ಜಲಾವೃತವಾಗಿದ್ದವು. ನೀರು ಇಳಿದ ಮೇಲೆ ಭಕ್ತರು ಕಳುಹಿಸಿದ ಅಕ್ಕಿಯನ್ನು ಮಠದಿಂದ ಮನೆಗೊಂದು ಚೀಲದಂತೆ ಹಂಚಲಾಯಿತು. ಲೆಕ್ಕದ ಪುಸ್ತಕ ನನ್ನ ಕೈಯಲ್ಲಿತ್ತು. ನಮ್ಮ ಮನೆಗೂ ನೀರು ಹೊಕ್ಕಿತ್ತು. ನಾನು ಎರಡು ಚೀಲ ಒಯ್ದೆ. ಯಾರೂ ಕೇಳಲಿಲ್ಲ.

ಕೇಳಿದವಳು ಅವ್ವ. "ತಮ್ಮಾ, ಮಂದಿಗೆ ಎಷ್ಟು ಕೊಟ್ಟೀರಿ?" ಎಂದಳು. ಹೇಳಿದೆ. "ಹಂಗಾದ್ರ ಇದು ಯಾರ ಚೀಲ? ಒಯ್ದು ಇಟ್ಟು ಬಾ. ಆಮ್ಯಾಲ ಉಣ್ಣಾಕ ಕೂಡು." ಅವ್ವನಿಗೆ ಅಕ್ಷರ ಬಾರದು. ಲಕ್ಕಮ್ಮನವರ ವಚನವನ್ನು ಆಕೆ ಓದಿದವಳಲ್ಲ.

ಮರಳಿ ಮಠಕ್ಕೆ ಬಂದು ಚೀಲ ಇಳಿಸುವಾಗ ಅದರ ಬಾಯಿ ಸಡಿಲಾಗಿ ಒಂದು ಹಿಡಿ ಅಕ್ಕಿ ಅಂಗಳಕ್ಕೆ ಚೆಲ್ಲಿತು. ಬಾಗಿ ಬಾಚಿಕೊಳ್ಳಹೊರಟವನು ಎದುರಿಗೆ ಎರಡು ಬೆಳವಕ್ಕಿಗಳು ನಿಂತದ್ದನ್ನು ಕಂಡು ಹಿಂದೆ ಸರಿದೆ. ಅವು ಬೇಕಾದಷ್ಟು ಆಯ್ದು ಹಾರಿದವು. ಉಳಿದ ಕಾಳು ಅಲ್ಲಿಯೇ ಇತ್ತು. ಸ್ವಲ್ಪ ಹೊತ್ತಿನಲ್ಲಿ ಮತ್ತೊಂದು ಜೋಡಿ ಬಂದಿಳಿಯಿತು. ನಾನು ಒಳಗೆ ಹೋಗಿ ಪುಸ್ತಕದಲ್ಲಿ ನನ್ನ ಹೆಸರಿನ ಮುಂದೆ 'ಒಂದು ಚೀಲ ಮರಳಿ ಜಮಾ' ಎಂದು ಬರೆದು, ಪೂಜ್ಯರಿಗೆ ತೋರಿಸಿದೆ.

ಹಕ್ಕಿಯು ಗೂಡಿನಲ್ಲಿ ಕಾಳನ್ನು ಕೂಡಿಡುವುದಿಲ್ಲ. ಅದು ಅದರ ಸಹಜ ಗುಣ. ಮನುಷ್ಯನಿಗಾದರೋ ಕೂಡಿಡುವ ಬಯಕೆಯೂ ಉಂಟು, ಅದಕ್ಕೆ ಕಾರಣ ಹುಡುಕುವ ಬುದ್ಧಿಯೂ ಉಂಟು. ಆದುದರಿಂದಲೇ ಪ್ರತಿ ಮನೆಯಲ್ಲಿಯೂ ಒಬ್ಬ ಲಕ್ಕಮ್ಮ ಇರಬೇಕು.