ಆಕ್ಸ್‌ಫರ್ಡಿನಲ್ಲಿ ಹುಟ್ಟಿದ ನಾದಲೋಕ

ಇಂಗ್ಲೆಂಡಿನ ಆಕ್ಸ್‌ಫರ್ಡ್ ನಗರದಲ್ಲಿ ರಾತ್ರಿ 9 ಗಂಟೆ 5 ನಿಮಿಷವಾದೊಡನೆ ಕ್ರೈಸ್ಟ್ ಚರ್ಚ್ ಕಾಲೇಜಿನ ಹೆಬ್ಬಾಗಿಲ ಗೋಪುರದಿಂದ ‘ಗ್ರೇಟ್ ಟಾಮ್’ ಎಂಬ ಹಿರಿಯ ಗಂಟೆಯು ಮೊಳಗತೊಡಗುತ್ತದೆ. ಒಂದೆರಡು ಬಾರಿಯಲ್ಲ, 101 ಬಾರಿ. ಹಿಂದೆ ಆ ಕಾಲೇಜಿನಲ್ಲಿದ್ದ 101 ವಿದ್ಯಾರ್ಥಿಗಳಿಗೆ ಬಾಗಿಲು ಮುಚ್ಚುವ ವೇಳೆಯಾಯಿತೆಂದು ತಿಳಿಸಲು ಏರ್ಪಟ್ಟ ಪದ್ಧತಿ ಇದು. ಐದು ನಿಮಿಷ ತಡವೇಕೆಂದು ಹೊಸಬರು ಬೆರಗಾಗುವುದುಂಟು. ದೇಶಕ್ಕೆಲ್ಲ ಒಂದೇ ಕಾಲಮಾನ ಬರುವ ಮುನ್ನ ಆಕ್ಸ್‌ಫರ್ಡಿನ ಕಾಲವು ಗ್ರೀನಿಚ್ಚಿನ ಕಾಲಕ್ಕಿಂತ ಐದು ನಿಮಿಷ ಹಿಂದಿತ್ತು. ಆ ಹಳೆಯ ಒಂಬತ್ತು ಗಂಟೆಯು ಗಡಿಯಾರಗಳಿಂದ ಅಳಿಸಿಹೋದರೂ ನಾದದಲ್ಲಿ ಮಾತ್ರ ಉಳಿದುಕೊಂಡಿದೆ.

ಇಲ್ಲದ ಹೊತ್ತೊಂದನ್ನು ನಾದವು ದಿನವೂ ಉಂಟುಮಾಡುವ ಈ ಊರಿನಲ್ಲಿಯೇ, ಜಗತ್ತೆಲ್ಲವೂ ನಾದದಿಂದಲೇ ಉಂಟಾಯಿತೆಂಬ ಕಲ್ಪನೆಯೊಂದು ಕಥೆಯ ರೂಪವನ್ನು ತಾಳಿತು. ಅದನ್ನು ಬರೆದವರು ‘ಹಾಬಿಟ್’ ಮತ್ತು ‘ಲಾರ್ಡ್ ಆಫ್ ದಿ ರಿಂಗ್ಸ್’ ಗ್ರಂಥಗಳಿಂದ ಲೋಕವಿಖ್ಯಾತರಾದ ಜೆ. ಆರ್. ಆರ್. ಟೋಲ್ಕಿನ್.

ಬ್ರಾಡ್ ಸ್ಟ್ರೀಟ್ ಎಂಬ ಅಗಲವಾದ ಬೀದಿಯಲ್ಲಿ, ಶೆಲ್ಡೋನಿಯನ್ ಸಭಾಭವನದ ಪಕ್ಕಕ್ಕೆ, 1683ರಲ್ಲಿ ತೆರೆದ ಹಳೆಯ ಆಶ್‌ಮೋಲಿಯನ್ ಕಟ್ಟಡವಿದೆ. ಇಂದು ಅದು ವಿಜ್ಞಾನದ ಇತಿಹಾಸವನ್ನು ತೋರಿಸುವ ವಸ್ತುಸಂಗ್ರಹಾಲಯ. ಐನ್‌ಸ್ಟೀನರು 1931ರಲ್ಲಿ ಬರೆದ ಕರಿಹಲಗೆಯನ್ನು ನೋಡಲು ಜನ ಅಲ್ಲಿಗೆ ಬರುತ್ತಾರೆ. ಆದರೆ 1919ರಲ್ಲಿ ಅಲ್ಲಿ ನಡೆಯುತ್ತಿದ್ದುದು ಆಕ್ಸ್‌ಫರ್ಡ್ ಇಂಗ್ಲಿಷ್ ನಿಘಂಟಿನ ಕೆಲಸ. ಇಪ್ಪತ್ತೇಳು ವರ್ಷದ ಟೋಲ್ಕಿನ್ನರು ಅಲ್ಲಿ ಕುಳಿತು ಡಬ್ಲ್ಯು ಅಕ್ಷರದ ಶಬ್ದಗಳ ಮೂಲವನ್ನು ಶೋಧಿಸುತ್ತಿದ್ದರು. ‘ವಾಲ್ರಸ್’ ಎಂಬ ಕಡಲಪ್ರಾಣಿಯ ಹೆಸರೊಂದೇ ಅವರಿಂದ ಚೀಟಿಯ ಮೇಲೆ ಚೀಟಿ ಬರೆಯಿಸಿತು. ಹಗಲೆಲ್ಲ ಶಬ್ದಗಳ ಬೇರನ್ನು ಅಗೆಯುತ್ತಿದ್ದ ಆ ದಿನಗಳಲ್ಲಿಯೇ ಅವರು ‘ಐನುರ್ ಗಣದ ಸಂಗೀತ’ ಎಂಬ ಸೃಷ್ಟಿಕಥೆಯನ್ನು ರಚಿಸಿದರು.

ಪರಮಪುರುಷನಾದ ಇಲೂವತಾರನು ಐನುರ್ ಎಂಬ ದೇವಗಣವನ್ನು ಸೃಜಿಸಿ, ಅವರ ಮುಂದೆ ಒಂದು ಪಲ್ಲವಿಯನ್ನಿಟ್ಟು, ಅದನ್ನು ಬೆಳೆಸಿ ಹಾಡಿರೆಂದನು. ಹಾಡು ಬೆಳೆಯುತ್ತಿರಲು, ಅವರಲ್ಲಿ ಬಲಿಷ್ಠನಾದ ಮೆಲ್ಕೋರನು ತನ್ನ ಹಿರಿಮೆಗಾಗಿ ಅಪಸ್ವರವನ್ನೆಬ್ಬಿಸಿದನು. ಇಲೂವತಾರನು ಅವನನ್ನು ಹೊರಗಟ್ಟಲಿಲ್ಲ. ಎರಡನೆಯ ಪಲ್ಲವಿಯನ್ನೆತ್ತಿದನು, ಬಳಿಕ ಮೂರನೆಯದನ್ನು. ಆ ಮೂರನೆಯದು ದುಃಖದಿಂದ ತುಂಬಿತ್ತು, ದುಃಖದಿಂದಲೇ ಚೆಲುವಾಗಿತ್ತು. ಮೆಲ್ಕೋರನ ಅಬ್ಬರದ ಸ್ವರಗಳನ್ನೂ ಅದು ತನ್ನೊಳಗೆ ಹೆಣೆದುಕೊಂಡಿತು. ಅನಂತರ ಇಲೂವತಾರನು ‘ಆಗಲಿ’ ಎಂಬರ್ಥದ ಒಂದು ಮಾತನ್ನಾಡಲು, ಅವರು ಹಾಡಿದ್ದೆಲ್ಲ ಲೋಕವಾಗಿ ನಿಂತಿತು.

ಸಂಗೀತ ಕೇಳುವ ನಮ್ಮ ಮನೆಗಳಲ್ಲಿ ನಾದಬ್ರಹ್ಮವೆಂಬ ಮಾತು ಹೊಸದಲ್ಲ. ಶಬ್ದತತ್ತ್ವವೇ ಬ್ರಹ್ಮ, ಅದರಿಂದಲೇ ಜಗತ್ತು ಎಂದು ಭರ್ತೃಹರಿಯು ವಾಕ್ಯಪದೀಯದ ಮೊದಲಲ್ಲೇ ಸಾರಿದ್ದಾನೆ. ಟೋಲ್ಕಿನ್ನರ ಕಥೆಯ ವಿಶೇಷವಿರುವುದು, ಲೋಕ ಹುಟ್ಟುವ ಮೊದಲೇ ಹಾಡಿನೊಳಗೆ ಅಪಸ್ವರವೂ ಸೇರಿಹೋಗಿತ್ತೆಂಬುದರಲ್ಲಿ.

ಆ ಅಪಸ್ವರವನ್ನು ಅವರು ಪುಸ್ತಕದಿಂದ ಕಲಿತವರಲ್ಲ. ಪ್ರಥಮ ಮಹಾಯುದ್ಧದಲ್ಲಿ, ಫ್ರಾನ್ಸಿನ ಸೊಮ್ ಕದನದ ಮೊದಲ ದಿನವಾದ 1916ರ ಜುಲೈ 1ರಂದು, ಅವರ ಶಾಲಾಗೆಳೆಯ ರಾಬ್ ಗಿಲ್ಸನ್ ಮಡಿದನು. ಅದೇ ಡಿಸೆಂಬರಿನಲ್ಲಿ ಕವಿಯಾಗಿದ್ದ ಮತ್ತೊಬ್ಬ ಗೆಳೆಯ ಜಿ. ಬಿ. ಸ್ಮಿತ್ ಗಾಯದಿಂದ ತೀರಿಕೊಂಡನು. ಸ್ವತಃ ಟೋಲ್ಕಿನ್ನರು ಕಂದಕಜ್ವರದಿಂದ ಬಳಲಿ ನವೆಂಬರಿನಲ್ಲಿ ತಾಯ್ನಾಡಿಗೆ ಮರಳಿದ್ದರು. ನಿಘಂಟಿನ ಮೇಜಿಗೆ ಬಂದು ಕುಳಿತವರು ಅಂಥ ತರುಣರು.

ಬ್ರಾಡ್ ಸ್ಟ್ರೀಟಿನಿಂದ ಉತ್ತರಕ್ಕೆ ನಡೆದರೆ ವಿಶ್ವವಿದ್ಯಾಲಯದ ಉದ್ಯಾನವನ. ಅದರ ಪೂರ್ವದ ಅಂಚಿಗೆ ಚಾರ್ವೆಲ್ ನದಿ. ಚಳಿಗಾಲದ ಮುಂಜಾನೆ ನೀರಿನ ಮೇಲೆ ಮಂಜು ಕವಿದಿರುವಾಗ ಆ ಕಥೆಯ ಇನ್ನೊಂದು ಪ್ರಸಂಗ ನೆನಪಾಗದಿರದು. ಆದಿಸಂಗೀತದ ಮಾರ್ದನಿಯು ಇಂದಿಗೂ ಎಲ್ಲಕ್ಕಿಂತ ಹೆಚ್ಚಾಗಿ ಉಳಿದಿರುವುದು ನೀರಿನಲ್ಲಂತೆ. ನೀರನ್ನು ಕೆಡಿಸಲೆಂದು ಮೆಲ್ಕೋರನು ಕಡುಚಳಿಯನ್ನು ತಂದನು. ಅದರಿಂದ ಹಿಮದ ಹೂಗಳಾದವು. ಬೇಗೆಯನ್ನು ತಂದನು, ಅದರಿಂದ ಮೋಡಗಳಾದವು. ತಾನು ಎಣಿಸದಿದ್ದ ಚೆಲುವೊಂದು ಒದಗಿತೆಂದು ಜಲಾಧಿಪತಿಯಾದ ಉಲ್ಮೊ ಹಿಗ್ಗಿದನು.

ಉದ್ಯಾನವನದಿಂದ ಮುಂದೆ ನಾರ್ತ್‌ಮೂರ್ ರಸ್ತೆಯಲ್ಲಿ, ಪ್ರಾಧ್ಯಾಪಕರಾಗಿದ್ದ ಟೋಲ್ಕಿನ್ನರು 1930ರಿಂದ 1947ರವರೆಗೆ ಸಂಸಾರದೊಡನೆ ವಾಸಿಸಿದ 20ನೆಯ ಸಂಖ್ಯೆಯ ಮನೆಯಿದೆ. 1937ರಲ್ಲಿ ಹೊರಬಂದ ‘ಹಾಬಿಟ್’ ಮಕ್ಕಳಿಗೆ ಅಚ್ಚುಮೆಚ್ಚಾಯಿತು. ಸೃಷ್ಟಿಸಂಗೀತದ ಕಥೆಯು ಮಾತ್ರ ಕೈಬರಹದಲ್ಲೇ ಉಳಿದು, ತಿದ್ದಿ ತಿದ್ದಿ ಬೆಳೆದು, ಅವರ ಕಾಲಾನಂತರ, 1977ರಲ್ಲಿ, ಮಗ ಕ್ರಿಸ್ಟಫರ್ ಸಂಪಾದಿಸಿದ ‘ಸಿಲ್ಮರಿಲಿಯನ್’ ಗ್ರಂಥದ ಮೊದಲ ಅಧ್ಯಾಯವಾಗಿ ಬೆಳಕು ಕಂಡಿತು.

ಅದೇ ಗ್ರಂಥದಲ್ಲಿ ಲೂಥಿಯನ್ ಎಂಬವಳ ಕಥೆಯಿದೆ. ಸತ್ತ ಪ್ರಿಯನಾದ ಬೆರೆನನಿಗಾಗಿ ಅವಳು ಮೃತರ ಒಡೆಯನಾದ ಮ್ಯಾಂಡೋಸನ ಮುಂದೆ ನಿಂತು ಹಾಡುತ್ತಾಳೆ. ನಮ್ಮ ಸಾವಿತ್ರಿಯು ಮಾತಿನಿಂದ ಯಮನನ್ನು ಗೆದ್ದಂತೆ, ಅವಳು ಹಾಡಿನಿಂದ ಆ ಕಲ್ಲೆದೆಯನ್ನು ಕರಗಿಸುತ್ತಾಳೆ. ಯಾರ್ಕ್‌ಷೈರಿನ ರೂಸ್ ಎಂಬ ಹಳ್ಳಿಯ ತೋಪಿನಲ್ಲಿ, ಬಿಳಿಯ ಹೂಗಳ ನಡುವೆ, 1917ರಲ್ಲಿ ಪತ್ನಿ ಈಡಿತ್ ಹಾಡಿ ಕುಣಿದುದೇ ಆ ಕಥೆಗೆ ಬೀಜ.

ನಗರದ ಉತ್ತರಕ್ಕಿರುವ ವುಲ್ವರ್‌ಕೋಟ್ ಸ್ಮಶಾನದಲ್ಲಿ ದಂಪತಿಗಳ ಸಮಾಧಿಯಿದೆ. ಈಡಿತ್ ತೀರಿಕೊಂಡದ್ದು 1971ರ ನವೆಂಬರಿನಲ್ಲಿ. ಕಥೆಯ ನಾಯಕಿಯಂತೆ ಮೃತ್ಯುವಿನ ಮುಂದೆ ನಿಂತು ಬೇಡುವುದು ತನ್ನಿಂದಾಗದೆಂದು ವೃದ್ಧರಾದ ಪತಿ ಮರುವರ್ಷ ಮಗನಿಗೆ ಪತ್ರ ಬರೆದರು. 1973ರ ಸೆಪ್ಟೆಂಬರ್ 2ರಂದು ಅವರೂ ತೀರಿಕೊಂಡರು. ಬೂದುಬಣ್ಣದ ಕಲ್ಲಿನ ಮೇಲೆ ಆಕೆಯ ಹೆಸರಿನ ಕೆಳಗೆ ‘ಲೂಥಿಯನ್’ ಎಂದೂ ಅವರ ಹೆಸರಿನ ಕೆಳಗೆ ‘ಬೆರೆನ್’ ಎಂದೂ ಕೆತ್ತಲಾಗಿದೆ. ದೂರದೂರದಿಂದ ಬಂದ ಓದುಗರು ಅಲ್ಲಿ ಹೂವಿಟ್ಟು, ಆ ಎರಡು ಹೆಸರುಗಳನ್ನು ಒಮ್ಮೆ ಬಾಯಿಬಿಟ್ಟು ಓದಿಕೊಂಡು ಹಿಂತಿರುಗುತ್ತಾರೆ.