ಹಿಮದ ನಾಡಿನ ಆಲೆಮನೆ

ಶಿವರಾತ್ರಿಗೆ ಚಳಿಯು ‘ಶಿವ ಶಿವಾ’ ಎಂದು ಹೊರಟುಹೋಗುವುದೆಂದು ನಮ್ಮ ನಾಡಿನ ಹಿರಿಯರು ಹೇಳುವುದುಂಟು. ನಾವು ನೆಲೆಸಿರುವ ಕೆನಡಾ ದೇಶದ ಒಂಟಾರಿಯೋ ಪ್ರಾಂತ್ಯದಲ್ಲಿ ಆ ಮಾತು ನಡೆಯದು. ಶಿವರಾತ್ರಿ ಕಳೆದರೂ ಹಿತ್ತಲಿನಲ್ಲಿ ಹಿಮ ಬಿದ್ದಿರುತ್ತದೆ. ಆದರೆ ಆ ದಿನಗಳಲ್ಲಿಯೇ ಹಗಲಿನ ಬಿಸಿಲಿಗೆ ಹಿಮ ಕರಗುವುದೂ ಇರುಳಿನಲ್ಲಿ ನೀರು ಮತ್ತೆ ಹೆಪ್ಪುಗಟ್ಟುವುದೂ ಮೊದಲಾಗುತ್ತದೆ. ಹೀಗೆ ಕರಗಿ ಹೆಪ್ಪುಗಟ್ಟುವ ನಾಲ್ಕಾರು ವಾರಗಳಲ್ಲಿ ಮಾತ್ರ ಮೇಪಲ್ ಮರವು ತನ್ನೊಡಲಿನ ಸಿಹಿನೀರನ್ನು ನೀಡುತ್ತದೆ.

1965ರಿಂದ ಕೆನಡಾದ ಧ್ವಜದ ಮೇಲಿರುವುದು ಈ ಮೇಪಲ್ ಎಲೆಯೇ. ಬೇಸಿಗೆಯಲ್ಲಿ ಎಲೆಗಳು ಸಿದ್ಧಪಡಿಸಿದ ಆಹಾರವನ್ನು ಮರವು ಪಿಷ್ಟವಾಗಿ ಕೂಡಿಟ್ಟುಕೊಂಡು, ಚಳಿಗಾಲ ಮುಗಿಯುವ ಹೊತ್ತಿಗೆ ಅದನ್ನು ಸಕ್ಕರೆಯಾಗಿ ಮಾರ್ಪಡಿಸಿಕೊಳ್ಳುತ್ತದೆ. ಆ ರಸವನ್ನು ಕಾಯಿಸಿ ಪಾಕ ಮಾಡುವ ವಿದ್ಯೆಯನ್ನು ಯುರೋಪಿಯನ್ನರು ಇಲ್ಲಿಗೆ ಬರುವುದಕ್ಕೆ ಮೊದಲೇ ಅನಿಶಿನಾಬೆ ಮುಂತಾದ ಮೂಲನಿವಾಸಿಗಳು ಬಲ್ಲವರಾಗಿದ್ದರು. ಬಂದವರು ಅವರಿಂದ ಕಲಿತರು.

ನಮ್ಮ ಹಿತ್ತಲಿನಲ್ಲಿ ನಾಲ್ಕು ಮೇಪಲ್ ಮರಗಳಿವೆ. 2022ರಲ್ಲಿ ನಾವೂ ಪಾಕ ಮಾಡೋಣವೆಂದು ಉತ್ಸಾಹದಿಂದ ಹೊರಟೆವು. ಮೂರು ದೊಡ್ಡ ಮರಗಳ ಜೊತೆಗೆ, ಗೇಣಿಗಿಂತ ದಪ್ಪವಿರದ ನಾಲ್ಕನೆಯ ಎಳೆ ಮರಕ್ಕೂ ಬೈರಿಗೆಯಿಂದ ತೂತು ಕೊರೆದು ನಳಿಕೆ ಸಿಕ್ಕಿಸಿದೆವು. ಸಂಗ್ರಹವಾದ ರಸವನ್ನು ಅಡುಗೆಮನೆಯಲ್ಲಿಯೇ ಎರಡು ದಿನ ಕುದಿಸಿದೆವು. ಆವಿಗೆ ಗೋಡೆಯ ಕಾಗದವೆಲ್ಲ ಸುಲಿದು ಬಂದಿತು. ಕೊನೆಯ ಗಳಿಗೆಯಲ್ಲಿ ಮಾತಿಗೆ ನಿಂತುದರಿಂದ ಪಾಕ ತಳಹಿಡಿದು ಕರಿಕಾಯಿತು. ಪಾತ್ರೆಯೊಂದೇ ನಮಗೆ ಉಳಿದದ್ದು, ಅದೂ ಉಜ್ಜಲು.

ಅದೇ ವರ್ಷದ ಅಕ್ಟೋಬರಿನಲ್ಲಿ ನಮ್ಮ ತಾಯಿಯವರು ಲಿಂಗೈಕ್ಯರಾದರು. ಸಾಗರದ ಕಡೆಯ ಹಳ್ಳಿಯಲ್ಲಿ ತಂದೆಯವರೊಬ್ಬರೇ ಉಳಿದರು. ಬಲವಂತ ಮಾಡಿ 2023ರ ಜನವರಿಯಲ್ಲಿ ಅವರನ್ನು ಇಲ್ಲಿಗೆ ಕರೆತಂದೆವು. ಅವರು ಬೆಳಿಗ್ಗೆ ಪೂಜೆ ಮುಗಿಸಿ ಕಿಟಕಿಯ ಬಳಿ ಕುಳಿತರೆ ಸಂಜೆಯವರೆಗೂ ಮಾತಿಲ್ಲ. ಮೊಮ್ಮಕ್ಕಳು ಕೇಳಿದ್ದಕ್ಕೆ ಒಂದೊಂದು ಉತ್ತರ, ಅಷ್ಟೆ. ತಾಯಿಯ ಹೆಸರನ್ನು ಅವರೂ ಎತ್ತಲಿಲ್ಲ, ನಾವೂ ಎತ್ತಲಿಲ್ಲ. ಕರೆತಂದು ತಪ್ಪು ಮಾಡಿದೆವೇನೋ ಎಂದು ನಾವಿಬ್ಬರೂ ರಾತ್ರಿ ಮಾತನಾಡಿಕೊಳ್ಳುತ್ತಿದ್ದೆವು.

ಮಾರ್ಚ್ ತಿಂಗಳಲ್ಲಿ ಮತ್ತೆ ನಾಲ್ಕೂ ಮರಗಳಿಗೆ ನಳಿಕೆ ಹಾಕಿದೆವು. ಮರುದಿನ ತಂದೆಯವರು ಕಂಬಳಿ ಹೊದ್ದು ತಾವಾಗಿಯೇ ಹೊರಗೆ ಬಂದರು. ಡಬ್ಬಿಗಳಿಗೆ ತೊಟ್ಟಿಕ್ಕುತ್ತಿದ್ದ ರಸವನ್ನು ಬೆರಳಿನಲ್ಲಿ ತೆಗೆದು ನಾಲಗೆಗಿಟ್ಟು ನೋಡಿದರು. ಎಳೆ ಮರದ ಬಳಿ ಬಂದವರು ಅದನ್ನು ಕೈಯಿಂದ ತಬ್ಬಿ ಅಳೆದು ಕೇಳಿದರು:

“ಎಳೆಗರುವಿನ ಪಾಲಿನ ಹಾಲನ್ನೂ ಕರೆದುಕೊಳ್ಳುತ್ತೀರೇನು?”

ನಮಗೆ ತಲೆ ಎತ್ತಲಾಗಲಿಲ್ಲ. ಕಾಂಡದ ಅಡ್ಡಳತೆ ಸುಮಾರು 30 ಸೆಂಟಿಮೀಟರ್ ಆಗುವವರೆಗೆ ಮೇಪಲ್ ಮರವನ್ನು ಕೊರೆಯಬಾರದೆಂಬುದು ಇಲ್ಲಿಯವರು ಪಾಲಿಸುವ ನಿಯಮ. ಅದನ್ನು ಓದಿಯೂ ನಾವು ಆಸೆಗೆ ಬಿದ್ದಿದ್ದೆವು. ಅಂದೇ ಆ ನಳಿಕೆಯನ್ನು ಕಿತ್ತೆವು.

ಆಮೇಲಿನ ಕೆಲಸವನ್ನೆಲ್ಲ ತಂದೆಯವರೇ ವಹಿಸಿಕೊಂಡರು. ಅವರದು ಆಲೆಮನೆಯಲ್ಲಿ ಬೆಳೆದ ಜೀವ. ಹಿತ್ತಲಿನಲ್ಲಿ ಇಟ್ಟಿಗೆಯ ಒಲೆ ಹೂಡಿಸಿ ಅಗಲವಾದ ತಟ್ಟೆಪಾತ್ರೆ ಇಡಿಸಿದರು. ಪಾತ್ರೆ ಅಗಲವಾದಷ್ಟೂ ನೀರು ಬೇಗ ಆರುವುದೆಂಬುದು ಅವರಿಗೆ ಯಾರೂ ಹೇಳಬೇಕಾಗಿರಲಿಲ್ಲ. ಸುಮಾರು 40 ಲೀಟರ್ ರಸ ಕಾಯಿಸಿದರೆ ಒಂದು ಲೀಟರ್ ಪಾಕ ಎಂದಾಗ ಮಾತ್ರ ಅವರು ಬೆರಗಾದರು. “ಕಬ್ಬು ಧಾರಾಳಿ, ಈ ಮರ ಬಲು ಲೆಕ್ಕದ್ದು” ಎಂದು ನಕ್ಕರು. ಅವರು ಇಲ್ಲಿಗೆ ಬಂದ ಮೇಲೆ ನಾವು ಕಂಡ ಮೊದಲ ನಗು ಅದು.

ನೀರು ಕುದಿಯುವ ಬಿಸಿಗಿಂತ ಸುಮಾರು 4 ಡಿಗ್ರಿ ಸೆಲ್ಸಿಯಸ್ ಮೇಲೇರಿದಾಗ ಪಾಕ ಸಿದ್ಧವಾಗುತ್ತದೆ. ನಾವು ಉಷ್ಣಮಾಪಕ ಹಿಡಿದು ನಿಂತಿದ್ದೆವು. ತಂದೆಯವರು ಸೌಟನ್ನು ಎತ್ತಿ ಹಿಡಿದು ಅದರ ಅಂಚನ್ನೇ ನೋಡುತ್ತಿದ್ದರು. ಹನಿಗಳು ಬಿಡಿಬಿಡಿಯಾಗಿ ಬೀಳುವುದು ನಿಂತು, ಒಂದಕ್ಕೊಂದು ಕೂಡಿ ತೆಳುವಾದ ಹಾಳೆಯಂತೆ ಇಳಿದಾಗ “ಇಳಿಸಿ, ಜೋನಿಬೆಲ್ಲದ ಹದ” ಎಂದರು. ಉಷ್ಣಮಾಪಕವೂ ಅದನ್ನೇ ಹೇಳಿತು. ಬಿಸಿಯಿರುವಾಗಲೇ ಉಣ್ಣೆಯ ಬಟ್ಟೆಯಲ್ಲಿ ಸೋಸಿದೆವು. ಮರಳಿನಂಥ ಗಷ್ಟು ಬಟ್ಟೆಯಲ್ಲಿ ಉಳಿದು, ಜೇನಿನ ಬಣ್ಣದ ಪಾಕ ಕೆಳಗಿಳಿಯಿತು.

ಆ ರಾತ್ರಿ ದೋಸೆಗೆ ಅದನ್ನೇ ಬಡಿಸಿದೆವು. ತಂದೆಯವರು ಒಂದು ತುತ್ತು ತಿಂದು ಕೈ ನಿಲ್ಲಿಸಿದರು. “ನಿಮ್ಮವ್ವ ಆಲೆಮನೆಗೆ ದೋಸೆ ಕಟ್ಟಿಕೊಂಡು ಬರೋಳು. ಕೊಪ್ಪರಿಗೆ ಇಳಿಸೋದನ್ನೇ ಕಾದು, ಬಿಸಿ ಜೋನಿ ಹಾಕಿಸಿಕೊಂಡು ತಿನ್ನೋಳು” ಎಂದರು. ಹೀಗೆ ಮೊದಲಾದ ಮಾತು ಮಕ್ಕಳು ನಿದ್ರೆಗೆ ಜಾರಿದ ಮೇಲೂ ಮುಂದುವರಿಯಿತು. ನಾವೂ ಅತ್ತೆವು, ಅವರೂ ಅತ್ತರು. ಐದು ತಿಂಗಳಿನಿಂದ ಒಳಗೇ ಹೆಪ್ಪುಗಟ್ಟಿದ್ದ ದುಃಖ ಅಂದು ಹರಿಯಿತು.

ಮರಗಳಲ್ಲಿ ಮೊಗ್ಗು ಉಬ್ಬಿತೆಂದರೆ ರಸದ ರುಚಿ ಕೆಡುತ್ತದೆ, ಮತ್ತೆ ಕಾಯಿಸಬಾರದು. ಮೊಗ್ಗು ಕಂಡ ದಿನ ತಂದೆಯವರೇ ನಳಿಕೆಗಳನ್ನು ಕೀಳಿಸಿದರು. ಮಳೆಗಾಲಕ್ಕೆ ಮುಂಚೆ ತೋಟ ಸೇರಬೇಕೆಂದು ಹಟ ಹಿಡಿದು ಮೇ ತಿಂಗಳಲ್ಲಿ ಊರಿಗೆ ಹಿಂದಿರುಗಿದರು. ನಾವು ತಡೆಯಲಿಲ್ಲ. ಪೆಟ್ಟಿಗೆಯಲ್ಲಿ ಒಂದು ಬಾಟಲಿ ಪಾಕ ಇಟ್ಟು ಕಳುಹಿಸಿದೆವು.

ಮೇಪಲ್ ಮರವು ಕೊರೆದ ತೂತನ್ನು ಕ್ರಮೇಣ ತೊಗಟೆಯಿಂದ ಮುಚ್ಚಿಕೊಳ್ಳುತ್ತದೆ. ಆದರೆ ಒಳಗಿನ ಆ ಭಾಗದ ಕಟ್ಟಿಗೆ ಮತ್ತೆಂದೂ ರಸ ಹರಿಸದು. ಆದುದರಿಂದ ಪ್ರತಿ ವರ್ಷ ಹಳೆಯ ಗಾಯದಿಂದ ದೂರ ಸರಿದು ಹೊಸ ಜಾಗವನ್ನು ಹುಡುಕಬೇಕು. ಈಗ ನಾವು ಮೂರು ದೊಡ್ಡ ಮರಗಳಿಗೆ ಮಾತ್ರ, ಒಂದೊಂದೇ ತೂತು ಹಾಕುತ್ತೇವೆ. ಶಿವರಾತ್ರಿ ಕಳೆಯುತ್ತಲೇ ಊರಿನಿಂದ ತಂದೆಯವರ ದೂರವಾಣಿ ಕರೆ ಬರುತ್ತದೆ. ಪಾಕ ಎಷ್ಟಾಯಿತೆಂದು ಅವರು ಕೇಳುವುದು ಕೊನೆಗೆ. ಮೊದಲು ಕೇಳುವುದು, “ಆ ಸಣ್ಣ ಮರ ಹೇಗಿದೆ?” ಎಂದು.

ಚೆನ್ನಾಗಿದೆ, ಅಪ್ಪಾಜಿ. ಗಾಯ ಮುಚ್ಚಿಕೊಂಡಿದೆ.