ಕರೆಯದೆ ಬಂದವರ ಅಕ್ಷತೆ

ಮಕರ ಸಂಕ್ರಮಣದ ಮುನ್ನಾದಿನ, ಭೋಗಿಯ ಬೆಳಿಗ್ಗೆ, ನಾವು ಶ್ರೀಮತಿಯವರೊಡನೆ ಅಕ್ಕಲಕೋಟೆಯಲ್ಲಿ ಸೊಲ್ಲಾಪುರದ ಎಸ್.ಟಿ. ಗಾಡಿ ಹತ್ತಿದೆವು. ಸುಮಾರು 40 ಕಿಲೋಮೀಟರಿನ ಹಾದಿ. ವಳಸಂಗ ದಾಟುವವರೆಗೂ ಇಕ್ಕೆಲಗಳಲ್ಲಿ ತೆನೆಯೊಡೆದು ನಿಂತ ಬಿಳಿಜೋಳದ ಹೊಲಗಳು, ನಡುನಡುವೆ ಕಬ್ಬಿನ ತೋಟಗಳು, ಅಲ್ಲೊಂದು ಇಲ್ಲೊಂದು ಬದುವಿನ ಮೇಲೆ ಸೀತನಿ ಸುಡುವ ಹೊಗೆ. ನಮ್ಮ ಕೈಚೀಲದಲ್ಲಿ ಕಿರಿಯ ಮಗಳ ಲಗ್ನಪತ್ರಿಕೆಗಳಿದ್ದವು. ಮದುವೆ ಮಾಘಮಾಸದಲ್ಲಿ ನಿಶ್ಚಯವಾಗಿತ್ತು. ಪತ್ರಿಕೆಗಳಿಗೆಲ್ಲ ಹೆಸರು ಬರೆದಾಗಿತ್ತು. ಒಂದಕ್ಕೆ ಮಾತ್ರ ಬರೆದಿರಲಿಲ್ಲ. ಅದೇಕೆಂಬುದನ್ನು ಮುಂದೆ ನಿವೇದಿಸುತ್ತೇವೆ.

ಪತ್ರಿಕೆ ಹಂಚುವ ಮೊದಲು ಸಿದ್ಧರಾಮೇಶ್ವರರ ಅಕ್ಷತೆಗೆ ಹೋಗಿಬರುವುದೆಂದು ನಿಶ್ಚಯಿಸಿದ್ದೆವು. ಸೊನ್ನಲಿಗೆಯೆಂಬ ಹಳೆಯ ಹೆಸರಿನ ಈ ಊರಿಗೆ ಹನ್ನೆರಡನೆಯ ಶತಮಾನದಲ್ಲಿ ಕೆರೆ ಕಟ್ಟಿಸಿದ, ಸುತ್ತಲೂ 68 ಲಿಂಗಗಳನ್ನು ಸ್ಥಾಪಿಸಿದ ಶಿವಯೋಗಿ ಸಿದ್ಧರಾಮರು. ಕುಂಬಾರರ ಕನ್ಯೆಯೊಬ್ಬಳು ಅವರನ್ನೇ ವರಿಸುವೆನೆಂದು ಹಟ ಹಿಡಿದಳಂತೆ. ಯೋಗಿಯಾದ ತಮಗೆ ಸಂಸಾರವಿಲ್ಲವೆಂದು ಅವರು ತಮ್ಮ ಯೋಗದಂಡದೊಡನೆ ಆಕೆಯ ವಿವಾಹಕ್ಕೆ ಸಮ್ಮತಿಸಿದರೆಂಬುದು ಐತಿಹ್ಯ. ಆ ಮದುವೆಯೇ ಇಂದಿಗೂ ಪ್ರತಿವರ್ಷ ಇಲ್ಲಿಯ ಜಾತ್ರೆಯಾಗಿ ನಡೆಯುತ್ತದೆ. ಯೋಗದಂಡದ ಪ್ರತೀಕವಾದ ಏಳು ನಂದಿಧ್ವಜಗಳು ಹಿಂದಿನ ದಿನವೇ 68 ಲಿಂಗಗಳ ದರ್ಶನ ಮುಗಿಸಿ, ಭೋಗಿಯಂದು ಕೆರೆಯ ಬಳಿಯ ಸಮ್ಮತಿ ಕಟ್ಟೆಗೆ ಬರುತ್ತವೆ. ಹೊರುವವರು ಬಿಳಿಯ ಬಾರಾಬಂದಿ ತೊಟ್ಟವರು, ಬೇರೆ ಬೇರೆ ಸಮಾಜದವರು. ಸಮ್ಮತಿಯ ಮಾತುಗಳನ್ನು ಓದುವಾಗ ನೆರೆದವರೆಲ್ಲ ಅಕ್ಷತೆ ಎರಚುತ್ತಾರೆ.

ಆ ಲಕ್ಷಾವಧಿ ಜನರಲ್ಲಿ ಕರೆ ಬಂದವರು ಯಾರು? ಯಾರೂ ಇಲ್ಲ. ಮಾಳಿಗೆಗಳ ಮೇಲೆ, ಗೋಡೆಗಳ ಮೇಲೆ, ಕೆರೆಯ ದಂಡೆಯ ಮೇಲೆ ಜನ. ನಮ್ಮ ಪಕ್ಕದಲ್ಲಿದ್ದ ಮುದುಕಿಯೊಬ್ಬರು ನಮ್ಮ ಬರಿಗೈ ಕಂಡು, ತಮ್ಮ ಸೆರಗಿನ ಗಂಟಿನಿಂದ ಒಂದು ಹಿಡಿ ಅಕ್ಷತೆ ತೆಗೆದುಕೊಟ್ಟರು. "ತಗೋರಿ ಯಪ್ಪಾ, ಮದುವಿಗಿ ಬಂದೀರಿ, ಬರೇ ಕೈಲೆ ನಿಂತೀರಲ್ಲ" ಎಂದರು. ಆ ಮಾತು ನಮಗೆ ತಾಗಿತು. ತಾಗಲು ಕಾರಣವಿತ್ತು.

ನಮ್ಮ ಸೀಮೆಯಲ್ಲಿ ಮದುವೆಯ ಕರೆಯಲ್ಲಿ ಎರಡು ಬಗೆ. ಮನೆಗೊಬ್ಬರು ಬರಬೇಕೆಂಬುದು ಒಂದು. ಆ ದಿನ ನಿಮ್ಮ ಮನೆಯಲ್ಲಿ ಒಲೆ ಹಚ್ಚಕೂಡದು, ಎಲ್ಲರೂ ಬರಬೇಕೆಂಬುದು ಇನ್ನೊಂದು. ಮೊದಲನೆಯದನ್ನು ಹೇಳಿಸಿಕೊಂಡವರು ಎರಡನೆಯದೆಂದು ತಿಳಿದು ಬಂದರೆ ಅಡುಗೆಯ ಲೆಕ್ಕ ತಲೆಕೆಳಗಾಗುತ್ತದೆ.

2021ರ ಏಪ್ರಿಲಿನಲ್ಲಿ, ಕರೋನಾ ಸೋಂಕಿನ ಎರಡನೆಯ ಅಲೆಯಲ್ಲಿ, ಮಹಾರಾಷ್ಟ್ರ ಸರಕಾರವು ಮದುವೆಗೆ 25 ಜನ, ಎರಡು ತಾಸು ಎಂದು ಮಿತಿ ಹಾಕಿತ್ತು. ಮೀರಿದರೆ 50,000 ರೂಪಾಯಿ ದಂಡ. ಆಗ ನಮ್ಮ ಅಣ್ಣನ ಮಗನ ಅಕ್ಷತೆ ನಡೆಯಿತು. ಹಂದರವಿಲ್ಲ, ಪಂಕ್ತಿಯಿಲ್ಲ; ಎದುರು ಮನೆಯವರು ಬಾಗಿಲಲ್ಲೇ ನಿಂತು ಕೈಮುಗಿದರು. ಕರೆಯದವರೂ ಬರುವ ದಿನ ಮತ್ತೆ ಎಂದು ಬಂದೀತೋ ಎಂದು ನಾವು ಕಣ್ಣೀರಿಟ್ಟದ್ದು ನಿಜ. ಎರಡೇ ವರ್ಷಗಳಲ್ಲಿ ಅದನ್ನು ಮರೆತದ್ದೂ ನಿಜ.

2023ರ ವೈಶಾಖದಲ್ಲಿ ನಮ್ಮ ಹಿರಿಯ ಮಗಳ ಮದುವೆ. 400 ಜನಕ್ಕೆ ಗೋಧಿ ಹುಗ್ಗಿ, ಬದನೆಕಾಯಿ ಪಲ್ಯ, ಅನ್ನ, ಸಾರು ಮಾಡಿಸಿದ್ದೆವು. ಒಬ್ಬರಿಗೆ ಕರೆ ಹೋಗಿದ್ದ ಮನೆಯಿಂದ ಒಂದು ಕ್ರೂಸರ್ ಗಾಡಿಯಲ್ಲಿ ಒಂಬತ್ತು ಜನ ಇಳಿದರು. ಅಂಥವೇ ಇನ್ನೆರಡು ಗಾಡಿಗಳು ಬಂದವು. ಎರಡನೆಯ ಪಂಕ್ತಿ ಏಳುವುದರೊಳಗೆ ಹುಗ್ಗಿಯ ಪಾತ್ರೆಯ ತಳ ಕಂಡಿತು. ಆಗ ನಾವು ಮೂವತ್ತು ವರ್ಷಗಳ ಅಭ್ಯಾಸಬಲದಿಂದ ಪಟ್ಟಿ ಹಿಡಿದು, ಶಾಲೆಯಲ್ಲಿ ಹಾಜರಿ ಕರೆಯುವಂತೆ ಹಂದರದ ಬಾಗಿಲಲ್ಲಿ ನಿಂತೆವು.

ಅಷ್ಟರಲ್ಲಿ ನಮಗೆ ಅಕ್ಷರ ಕಲಿಸಿದ ಗುರುಗಳು ಬಂದರು. ಅವರ ತೋಳು ಹಿಡಿದು ಒಬ್ಬ ಯುವಕ. ಗುರುಗಳಿಗೆ ನಮಸ್ಕರಿಸಿ, ಒಳಗೆ ಕರೆದೊಯ್ದು ಎಲೆಯ ಮುಂದೆ ಕೂರಿಸಿದೆವು. ಯುವಕನಿಗೆ, "ನಿನ್ನ ಹೆಸರು ಪಟ್ಟಿಯಲ್ಲಿಲ್ಲ. ಹೊರಗೆ ನಿಲ್ಲು, ಕೊನೆಗೆ ನೋಡೋಣ" ಎಂದೆವು. ಅವನು ಮರುಮಾತಾಡದೆ ಹೊರಗೆ ಹೋದನು. ಎಲೆಗೆ ಬಡಿಸಿಯಾಯಿತು. ಗುರುಗಳು ಎಲೆಯ ಮೇಲೆ ಕೈಯಾಡಿಸುತ್ತ, "ಹುಡುಗ ಎಲ್ಲಿ?" ಎಂದು ಕೇಳಿದರು. ಯಾರೋ ನಡೆದುದನ್ನು ಹೇಳಿದರು. ಅವರು ಗೋಡೆ ಹಿಡಿದು ಎದ್ದು ನಿಂತರು.

"ತಮ್ಮಾ, ನನ್ನ ಕಣ್ಣ ಹೊರಗ ನಿಲ್ಲಿಸಿದಿ. ನಾ ಹ್ಯಾಂಗ ಉಣ್ಣಲಿ?"

ಎರಡು ವರ್ಷಗಳ ಹಿಂದೆಯೇ ಅವರ ದೃಷ್ಟಿ ಹೋಗಿತ್ತು. ನಾವು ವಿಚಾರಿಸಿರಲಿಲ್ಲ, ಪತ್ರಿಕೆಯನ್ನು ಅಂಚೆಯಲ್ಲಿ ಕಳಿಸಿ ಕರ್ತವ್ಯ ಮುಗಿಯಿತೆಂದುಕೊಂಡಿದ್ದೆವು. ಎಷ್ಟು ಬೇಡಿಕೊಂಡರೂ ಅವರು ನಿಲ್ಲಲಿಲ್ಲ. ಆ ಬಿಸಿಲಿನಲ್ಲಿ ಉಪವಾಸ ಹೊರಟುಹೋದರು. ಕ್ರೂಸರ್ ಗಾಡಿಯವರು ಮಾತ್ರ ಉಂಡು, ಎಲೆ ಅಡಿಕೆ ಹಾಕಿಕೊಂಡು, ಬಾಯ್ತುಂಬ ಹರಸಿ ಹೋದರು.

ಕೆರೆಯ ದಂಡೆಯ ಮೇಲೆ ಕುಳಿತು ಇದನ್ನೆಲ್ಲ ನೆನೆದು, "ನೋಡು, ಇಲ್ಲಿ ಯಾರೂ ಪಟ್ಟಿ ಹಿಡಿದು ನಿಂತಿಲ್ಲ. ಮದುವೆಯೆಂದರೆ ಹೀಗಿರಬೇಕು" ಎಂದು ಶ್ರೀಮತಿಯವರಿಗೆ ಹೇಳಿದೆವು. ಅವರು ಒಪ್ಪಲಿಲ್ಲ. "ಇಲ್ಲಿ ಅಕ್ಷತಿ ಹಾಕಿ ಮನಿಗಿ ಹೋಗ್ತಾರ್ರೀ. ನಮ್ಮಲ್ಲಿ ಎಲಿ ಹಾಕಬೇಕು. ಅವತ್ತ ನಾನು, ನಿಮ್ಮ ವೈನಿ ಹೊತ್ತು ಮುಳುಗಿದ ಮ್ಯಾಲ ಮಜ್ಜಿಗಿ ಅನ್ನ ಉಂಡದ್ದು ನಿಮ್ಮ ಪಟ್ಟಿಯೊಳಗ ಬರದೀರೇನು?" ಎಂದರು. ನಮ್ಮಲ್ಲಿ ಉತ್ತರವಿರಲಿಲ್ಲ. ಮಿತಿಮೀರಿ ಬಂದವರ ಭಾರ ಯಜಮಾನನ ಮೇಲೆ ಬೀಳುವುದಿಲ್ಲ, ಅಡುಗೆಮನೆಯಲ್ಲಿ ಕೊನೆಗೆ ಉಣ್ಣುವ ಹೆಣ್ಣುಮಕ್ಕಳ ಮೇಲೆ ಬೀಳುತ್ತದೆ. ಬಂದವರನ್ನು ಅವಮಾನಿಸುವುದು ತಪ್ಪು. ಮನೆಯವರನ್ನು ಉಪವಾಸ ಕೆಡಹುವುದೂ ತಪ್ಪೇ.

ಹಾಗಾದರೆ ಮಾಡುವುದೇನು? ಅಲ್ಲಿಯೇ ಕುಳಿತು ಇಬ್ಬರೂ ಕೆಲವು ಮಾತು ನಿಶ್ಚಯಿಸಿದೆವು. ಪತ್ರಿಕೆಯನ್ನು ಕೈಯಾರೆ ಕೊಟ್ಟು, "ಎಷ್ಟು ಜನ ಬರುವಿರಿ, ಜೊತೆಗೆ ಯಾರು?" ಎಂದು ಸಂಕೋಚವಿಲ್ಲದೆ ಕೇಳುವುದು. ಹೆಚ್ಚಿನವರನ್ನು ಕರೆತರುವೆವೆಂದವರಿಗೆ ನಮ್ಮ ಅನಾನುಕೂಲವನ್ನು ಅಂದೇ ಮೆಲುದನಿಯಲ್ಲಿ ಹೇಳುವುದು. ವೃದ್ಧರು, ಅಶಕ್ತರು, ಎಳೆಮಕ್ಕಳ ತಾಯಂದಿರು ಇವರ ಜೊತೆಗಾರರನ್ನು ನಾವಾಗಿಯೇ ಸೇರಿಸಿ ಕರೆಯುವುದು. ಮನೆಯ ಹೆಣ್ಣುಮಕ್ಕಳ ಪಾಲನ್ನು ಮೊದಲ ಪಂಕ್ತಿಗೂ ಮೊದಲೇ ತೆಗೆದಿಡುವುದು. 50 ಜನಕ್ಕೆ ಸಾಲುವ ಅಕ್ಕಿ ಬೇಳೆಯನ್ನು ಪ್ರತ್ಯೇಕವಾಗಿರಿಸಿ, ಅಕ್ಷತೆಯ ಹೊತ್ತಿಗೆ ತಲೆ ಎಣಿಸಿ ಇನ್ನೊಂದು ಒಲೆ ಹೊತ್ತಿಸುವುದು. ಹುಗ್ಗಿ ಮುಗಿದರೆ ಅನ್ನ ಸಾರಾದರೂ ಇರುತ್ತದೆ. ಇಷ್ಟರ ಮೇಲೂ ಯಾರಾದರೂ ಬಂದರೆ, ಹಂದರದೊಳಗೆ ಕಾಲಿಟ್ಟವರನ್ನು ಎಲೆಯ ಮುಂದೆ ಪ್ರಶ್ನಿಸತಕ್ಕದ್ದಲ್ಲ. ಹೇಳುವುದಿದ್ದರೆ ಅದು ಎಂಟು ದಿನಗಳ ನಂತರದ ಮಾತು.

ಇಳಿಹೊತ್ತಿನಲ್ಲಿ ಗುರುಗಳ ಮನೆ ಹುಡುಕಿಕೊಂಡು ಹೋದೆವು. ಅವರು ಈಗ ಸೊಲ್ಲಾಪುರದಲ್ಲಿ ಮಗಳ ಮನೆಯಲ್ಲಿದ್ದಾರೆ. ಬಾಗಿಲು ತೆರೆದವನು ಅದೇ ಯುವಕ, ನೆರೆಮನೆಯ ಹುಡುಗ. ಹೆಸರಿಲ್ಲದ ಆ ಪತ್ರಿಕೆಯನ್ನು ಹೊರತೆಗೆದು, ಹೊಸ್ತಿಲ ಹೊರಗೇ ನಿಂತು, "ತಮ್ಮಾ, ನಿನ್ನ ಹೆಸರೇನು?" ಎಂದು ಕೇಳಿದೆವು. ಅವನು ಹೇಳಿದನು. ಗುರುಗಳ ಹೆಸರಿನ ಕೆಳಗೆ ಅವನ ಹೆಸರನ್ನೂ ಬರೆದು ಕೊಟ್ಟೆವು. ಅವನೇ ಅದನ್ನು ಗುರುಗಳಿಗೆ ಓದಿ ಹೇಳಿದನು. ತನ್ನ ಹೆಸರು ಬಂದಾಗ ಅವನ ದನಿ ಒಂದು ಕ್ಷಣ ನಿಂತಿತು.

ನಾವು ಗುರುಗಳ ಪಾದ ಮುಟ್ಟಿದೆವು. ಬಹಳ ಹೊತ್ತು ಅವರು ಮಾತಾಡಲಿಲ್ಲ. ಆಮೇಲೆ ನಮ್ಮ ತಲೆಯ ಮೇಲೆ ಕೈಯಿಟ್ಟು, "ಬರ್ತೀವಿ. ಹುಗ್ಗಿ ಇರಲಿ ಬಿಡಲಿ, ಇಬ್ಬರನೂ ಒಂದೇ ಪಂಕ್ತಿಗಿ ಕೂಡಸು" ಎಂದರು.

ಮರಳಿ ಬರುವಾಗ ಗಾಡಿಯಲ್ಲಿ ಚೀಟಿಗಾಗಿ ಕೈಚೀಲದೊಳಗೆ ಕೈಯಾಡಿಸಿದರೆ, ಉಳಿದ ಪತ್ರಿಕೆಗಳ ನಡುವೆ ಆ ಮುದುಕಿಯವರು ಕೊಟ್ಟ ಅಕ್ಷತೆಯ ನಾಲ್ಕಾರು ಕಾಳುಗಳು ಸಿಕ್ಕವು. ಶ್ರೀಮತಿಯವರು ಅವನ್ನು ಕರವಸ್ತ್ರದ ಅಂಚಿಗೆ ಕಟ್ಟಿ, ಮಗಳ ಮದುವೆಯ ಅಕ್ಷತೆಯಲ್ಲಿ ಬೆರೆಸಲೆಂದು ತೆಗೆದಿರಿಸಿದರು.